ಬಾವಿಯ ನೀರೂ ಪಂಚಾಯತಿನ ಪರವಾನಗಿಯೂ

ಕಾರ್ಖಾನೆಗೆ ಒಮ್ಮೆ ಕೊಟ್ಟ ಪರವಾನಗಿಯನ್ನು ನವೀಕರಿಸದಿರುವ ಅಧಿಕಾರ ಗ್ರಾಮ ಪಂಚಾಯತಿಗೆ ಉಂಟೇ? ಈ ಪ್ರಶ್ನೆಗೆ ಉತ್ತರ ಬಯಸುವವರು ಪಾಲಕ್ಕಾಡು ಜಿಲ್ಲೆಯ ಪ್ಲಾಚಿಮಡದ ವ್ಯಾಜ್ಯವನ್ನು ಅರಿತಿರಬೇಕು. ಅಲ್ಲಿನ ಪೆರುಮಾಟ್ಟಿ ಪಂಚಾಯತಿಗೂ ನಮ್ಮ ಕಾಸರಗೋಡಿನ ಪಂಚಾಯತುಗಳಿಗೂ ಕಾನೂನು ಒಂದೇ: 1994ರ ಕೇರಳ ಪಂಚಾಯತ್ ರಾಜ್ ಕಾಯಿದೆ.

ಹಿಂದೂಸ್ತಾನ್ ಕೋಕಾ-ಕೋಲಾ ಸಂಸ್ಥೆಯು ಈ ಪಂಚಾಯತಿನ ಪರವಾನಗಿ ಪಡೆದು 2000ದಲ್ಲಿ ಅಲ್ಲಿ ಪಾನೀಯ ತಯಾರಿಕೆಗೆ ತೊಡಗಿತು. ನೀರು ಕೊಳವೆ ಬಾವಿಗಳದು. ಎರಡು ವರ್ಷ ತುಂಬುವುದರೊಳಗೆ ಸುತ್ತಲಿನ ಬಾವಿಗಳ ನೀರು ಕೆಟ್ಟಿತು, ಅದರಲ್ಲಿ ಅನ್ನವೂ ಬೇಯದು ಎಂಬ ದೂರು ಎದ್ದಿತು. ನೀರಿಗಾಗಿ ದೂರ ನಡೆಯಬೇಕಾದವರು ಹೆಂಗಸರು. ಆದುದರಿಂದಲೇ 2002ರ ಎಪ್ರಿಲ್ 22ರಂದು ಆರಂಭವಾದ ಧರಣಿಯ ಮುಂಚೂಣಿಯಲ್ಲಿ ಮಯಿಲಮ್ಮ ಎಂಬ ಆದಿವಾಸಿ ತಾಯಿ ಇದ್ದುದು ಸಹಜವೇ. ಕಾರ್ಖಾನೆಯು ಗೊಬ್ಬರವೆಂದು ರೈತರಿಗೆ ಹಂಚಿದ ಕೆಸರಿನಲ್ಲಿ ಸೀಸ, ಕ್ಯಾಡ್ಮಿಯಂಗಳಿರುವುದು 2003ರಲ್ಲಿ ಬೆಳಕಿಗೆ ಬಂದಿತು.

ಅದೇ ವರ್ಷದ ಎಪ್ರಿಲಿನಲ್ಲಿ ಪಂಚಾಯತು ಪರವಾನಗಿಯನ್ನು ನವೀಕರಿಸದಿರಲು ನಿರ್ಧರಿಸಿತು. ಕೈಗೆ ಬರುತ್ತಿದ್ದ ತೆರಿಗೆಯನ್ನು ಬಿಟ್ಟುಕೊಟ್ಟು ಕೈಗೊಂಡ ನಿರ್ಧಾರವಿದು ಎಂಬುದನ್ನು ಮರೆಯಲಾಗದು. ಸಂಸ್ಥೆಯು ಸರಕಾರದ ಮೊರೆಹೊಕ್ಕಿತು. ಸರಕಾರವು ಪಂಚಾಯತಿನ ಆದೇಶವನ್ನು ರದ್ದುಪಡಿಸಿ, ತಜ್ಞರಿಂದ ಪರೀಕ್ಷೆ ಮಾಡಿಸುವಂತೆ ಹೇಳಿತು. ಆಗ ಪಂಚಾಯತೇ ಕೇರಳ ಉಚ್ಚ ನ್ಯಾಯಾಲಯದ ಮೆಟ್ಟಲೇರಿತು.

2003ರ ಡಿಸೆಂಬರ್ 16ರಂದು ನ್ಯಾಯಮೂರ್ತಿ ಕೆ. ಬಾಲಕೃಷ್ಣನ್ ನಾಯರ್ ಅವರು ಕೊಟ್ಟ ತೀರ್ಪು ನಿಧಾನವಾಗಿ ಓದತಕ್ಕದ್ದು. ಭೂಗರ್ಭದ ನೀರು ಜನರ ಸೊತ್ತು, ಸರಕಾರ ಅದರ ಪಾರುಪತ್ಯಗಾರ ಮಾತ್ರ. ಭೂಮಿಯ ಒಡೆಯನು ತನ್ನ ಹಿಡುವಳಿಗೆ ಸಹಜವಾಗಿ ಬೇಕಾದಷ್ಟನ್ನು ಎತ್ತಬಹುದು, ಅದಕ್ಕಿಂತ ಹೆಚ್ಚಲ್ಲ ಎಂಬುದು ಅದರ ತಿರುಳು. ಆದರೆ ನೀರಿನ ಕಾರಣ ಹೇಳಿ ಕಾರ್ಖಾನೆಯನ್ನೇ ಮುಚ್ಚಿಸಲು ಪಂಚಾಯತಿಗೆ ಅಧಿಕಾರವಿಲ್ಲ, ಬೇರೆ ಕಡೆಯ ನೀರು ತಂದು ನಡೆಸುವುದಾದರೆ ನಡೆಸಲಿ ಎಂದೂ ಅವರು ಹೇಳಿದರು. ನಮ್ಮ ಭಾಷಣಕಾರರು ತೀರ್ಪಿನ ಮೊದಲ ಭಾಗವನ್ನು ಮಾತ್ರ ಉದ್ಧರಿಸುವುದುಂಟು.

ಮೇಲ್ಮನವಿಯಲ್ಲಿ ಇಬ್ಬರು ನ್ಯಾಯಮೂರ್ತಿಗಳ ಪೀಠವು 2005ರ ಎಪ್ರಿಲ್ 7ರಂದು ಈ ತತ್ತ್ವವನ್ನು ಒಪ್ಪಲಿಲ್ಲ. ತಜ್ಞರ ವರದಿಯನ್ನು ಆಧರಿಸಿ, ವಾಡಿಕೆಯಷ್ಟು ಮಳೆಯಾದ ವರ್ಷದಲ್ಲಿ ದಿನಕ್ಕೆ 5 ಲಕ್ಷ ಲೀಟರ್ ಎತ್ತಬಹುದೆಂದಿತು. ಪರವಾನಗಿಯನ್ನು ನವೀಕರಿಸುವಂತೆ ಪಂಚಾಯತಿಗೆ ಆದೇಶಿಸಿತು. ಬೇಸಗೆಯಲ್ಲಿ ಬಾವಿಯ ತಳ ಕಂಡವರಿಗೆ ಮಳೆಯ ಸರಾಸರಿಯಿಂದ ಸಮಾಧಾನವಾಗುವುದು ಕಷ್ಟ. ಜನರ ಬಾವಿಗಳ ಸ್ಥಿತಿಗಿಂತ ವರದಿಯ ಅಂಕಿಗೇ ಅಲ್ಲಿ ಹೆಚ್ಚು ತೂಕ ದೊರೆಯಿತೆಂದು ನನ್ನ ಭಾವನೆ.

ಪಂಚಾಯತು ಸುಪ್ರೀಂ ಕೋರ್ಟಿಗೆ ಹೋಯಿತು. ಕಾರ್ಖಾನೆಯಾದರೋ 2004ರ ಮಾರ್ಚಿನಲ್ಲಿ ನಿಂತದ್ದು ಮತ್ತೆ ನಡೆಯಲಿಲ್ಲ. ಅದನ್ನು ಪುನಃ ತೆರೆಯುವ ಉದ್ದೇಶವಿಲ್ಲವೆಂದು ಸಂಸ್ಥೆಯು 2017ರ ಜುಲೈಯಲ್ಲಿ ತಿಳಿಸಿದ ಮೇಲೆ ಮೊಕದ್ದಮೆ ಮುಗಿಯಿತು. ಭೂಜಲ ಯಾರದು ಎಂಬ ಪ್ರಶ್ನೆಗೆ ಈ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟಿನ ಉತ್ತರ ದೊರೆಯಲಿಲ್ಲ. ನಷ್ಟಹೊಂದಿದವರ ಪರಿಹಾರಕ್ಕೆಂದು ಕೇರಳ ವಿಧಾನಸಭೆ 2011ರಲ್ಲಿ ಅಂಗೀಕರಿಸಿದ ನ್ಯಾಯಮಂಡಳಿ ಮಸೂದೆಗೆ ರಾಷ್ಟ್ರಪತಿಗಳ ಒಪ್ಪಿಗೆಯೂ ಸಿಗಲಿಲ್ಲ. ಮಯಿಲಮ್ಮ 2007ರಲ್ಲೇ ತೀರಿಕೊಂಡಿದ್ದರು.