ಹಾಡು ಉಳಿದರೆ ಸಾಲದು

ಚಲನಚಿತ್ರ ಸಂಗೀತವೆಂದರೆ ನಮ್ಮಲ್ಲಿ ಅನೇಕರಿಗೆ ಹಾಡುಗಳಷ್ಟೆ. ೭೮ ಸುತ್ತಿನ ಗ್ರಾಮಫೋನ್ ತಟ್ಟೆಯ ಒಂದು ಮಗ್ಗುಲಲ್ಲಿ ಹಿಡಿಯುತ್ತಿದ್ದುದು ಸುಮಾರು ೩ ನಿಮಿಷ. ಅದು ಹಾಡಿಗೇ ಸಾಲದು. ಹಿನ್ನೆಲೆ ಸಂಗೀತವು ಬಹುಮಟ್ಟಿಗೆ ಚಿತ್ರದ ಸುರುಳಿಯಲ್ಲೇ ಉಳಿಯಿತು; ಸುರುಳಿ ನಾಶವಾದಾಗ ಅದೂ ಹೋಯಿತು. ೧೯೩೪ರ ‘ಸತಿ ಸುಲೋಚನಾ’ ಕನ್ನಡದ ಮೊದಲ ವಾಕ್ಚಿತ್ರ. ಅದರ ಪ್ರತಿ ಇಂದು ದೊರೆಯದು. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವು ಸ್ಥಾಪನೆಯಾದದ್ದು ೩೦ ವರ್ಷಗಳ ಮೇಲೆ, ೧೯೬೪ರಲ್ಲಿ.

ಮುಂದೆ ಕ್ಯಾಸೆಟ್ಟು, ಸಿ.ಡಿ.ಗಳು ಬಂದಾಗ ಕೆಲವು ಚಿತ್ರಗಳ ಹಿನ್ನೆಲೆ ತುಣುಕುಗಳು ಹಾಡುಗಳ ಜೊತೆಗೆ ಹೆಚ್ಚುವರಿಯಾಗಿ ಸೇರಿದವು. ಅವನ್ನು ಕೂಡಿಡುವವರಿದ್ದಾರೆ; ವಿವರ ಬರೆದಿಡುವವರು ವಿರಳ. ಚಿತ್ರ, ವರ್ಷ, ಸಂಯೋಜಕರು, ವಾದ್ಯಗಾರರು, ತಟ್ಟೆಯ ಸಂಖ್ಯೆ—ಇಷ್ಟನ್ನೂ ನಮೂದಿಸದ ಸಂಗ್ರಹವು ಸೂಚಿಯಿಲ್ಲದ ಗ್ರಂಥಾಲಯದಂತೆ. ವಿದ್ಯಾರ್ಥಿಮಿತ್ರರೇ, ಬರುವ ರಜೆಯಲ್ಲಿ ನಮ್ಮ ನಮ್ಮ ಮನೆಯ ಅಟ್ಟದಿಂದಲೇ ಈ ಪಟ್ಟಿಯನ್ನು ಏಕೆ ಆರಂಭಿಸಬಾರದು?