ಕಪ್ಪೆಯ ಲಿಂಗ, ಕೆರೆಯ ನೀರು

ದೊಡ್ಡಮಳೂರಿನ ಅಪ್ರಮೇಯಸ್ವಾಮಿ ದೇವಾಲಯದಲ್ಲಿ ಅಂಬೆಗಾಲು ಕೃಷ್ಣನ ಮುಂದೆ ತೊಟ್ಟಿಲ ಹರಕೆ ಹೊತ್ತು ನಿಲ್ಲುವ ದಂಪತಿಗಳನ್ನು ಮೈಸೂರು ರಸ್ತೆಯಲ್ಲಿ ಓಡಾಡುವವರೆಲ್ಲ ಬಲ್ಲರು. ಅದೇ ಊರಿನ ಆಚೆ, ಕಣ್ವಾ ನದಿಯ ಬಯಲಿನಲ್ಲಿ, ಮುಂಗಾರಿನ ಮೊದಲ ದೊಡ್ಡ ಮಳೆ ಬಿದ್ದ ರಾತ್ರಿ ಸಂತಾನಕ್ಕಾಗಿ ಇನ್ನೊಂದು ಬಗೆಯ ಮೊರೆ ಕೇಳಿಬರುತ್ತದೆ. ಕಟ್ಟೆ, ಕುಂಟೆ, ಗದ್ದೆಯ ಮಡಿಗಳಲ್ಲೆಲ್ಲ ವಟಗುಟ್ಟುವ ಆ ಸದ್ದು ಗಂಡು ಕಪ್ಪೆಗಳದು. ಹೆಣ್ಣು ಬಹುಪಾಲು ಮೌನಿ. ನಾವು ‘ಕಪ್ಪೆ ಕೂಗುತ್ತಿದೆ, ಮಳೆ ಹಿಡಿಯಿತು’ ಎನ್ನುವಾಗ ಕೇಳಿಸಿಕೊಳ್ಳುತ್ತಿರುವುದು ಗಂಡುಗಳ ಸಂಖ್ಯೆಯನ್ನು ಮಾತ್ರ.

2019ರ ಜೂನ್ ತಿಂಗಳಿನಲ್ಲಿ ಮಳೆಗಾಗಿ ಉಡುಪಿಯಲ್ಲಿ ಕಪ್ಪೆಗಳ ಮದುವೆ ನಡೆಯಿತು. ವರನಿಗೆ ವರುಣನೆಂದೂ ವಧುವಿಗೆ ವರ್ಷಾ ಎಂದೂ ಹೆಸರಿಟ್ಟಿದ್ದರು. ಮುಹೂರ್ತಕ್ಕೆ ಮೊದಲು ಯಾವುದು ಗಂಡು, ಯಾವುದು ಹೆಣ್ಣು ಎಂಬುದನ್ನು ತಜ್ಞರಿಂದ ಖಚಿತಪಡಿಸಿಕೊಳ್ಳಲಾಯಿತೆಂದು ಪತ್ರಿಕೆಗಳು ವರದಿ ಮಾಡಿದ್ದವು. ಓದಿದವರು ನಕ್ಕಿರಬಹುದು. ಆದರೆ ಆ ಪ್ರಶ್ನೆ ನಗುವಂಥದ್ದಲ್ಲ. ಕಪ್ಪೆಯೊಂದು ಗಂಡಾಗುವುದು ಅಥವಾ ಹೆಣ್ಣಾಗುವುದು ಅದರ ವರ್ಣತಂತುಗಳಿಂದ ಮಾತ್ರ ತೀರ್ಮಾನವಾಗುವ ಸಂಗತಿಯಲ್ಲ; ಅದು ಬೆಳೆದ ನೀರಿಗೂ ಅದರಲ್ಲಿ ಪಾಲಿದೆ.

ಮೊದಲು ಒಂದು ತಪ್ಪು ತಿಳಿವಳಿಕೆಯನ್ನು ಸರಿಪಡಿಸಿಕೊಳ್ಳಬೇಕು. ಬಲಿತ ಕಪ್ಪೆ ಇಂದು ಹೆಣ್ಣಾಗಿದ್ದು ನಾಳೆ ಗಂಡಾಗುವುದು ಅತಿ ಅಪರೂಪ. ಆಫ್ರಿಕದ ಒಂದು ಜಾತಿಯ ಜೊಂಡುಗಪ್ಪೆಯಲ್ಲಿ, ಸೆರೆಯಲ್ಲಿ ಸಾಕಿದ ಕೆಲವು ಹೆಣ್ಣುಗಳು ಗಂಡಾದುದನ್ನು 1989ರಲ್ಲಿ ಇಬ್ಬರು ವಿಜ್ಞಾನಿಗಳು ವರದಿ ಮಾಡಿದ್ದರು. ನಾವು ಚಿಂತಿಸಬೇಕಾದ ಬದಲಾವಣೆ ನಡೆಯುವುದು ಅದಕ್ಕೂ ಮೊದಲು, ಗೊದಮೊಟ್ಟೆಯ ಹಂತದಲ್ಲಿ. ಆಗ ಜನನಾಂಗವಿನ್ನೂ ವೃಷಣವೂ ಅಲ್ಲ, ಅಂಡಾಶಯವೂ ಅಲ್ಲ. ಟೆಸ್ಟೋಸ್ಟಿರೋನ್ ಎಂಬ ಗಂಡು ಹಾರ್ಮೋನನ್ನು ಈಸ್ಟ್ರೋಜನ್ ಎಂಬ ಹೆಣ್ಣು ಹಾರ್ಮೋನಾಗಿ ಮಾರ್ಪಡಿಸುವ ಅರೊಮಟೇಸ್ ಎಂಬ ಕಿಣ್ವವೊಂದಿದೆ. ಅದು ಎಷ್ಟು ಚುರುಕಾಗಿದೆ ಎಂಬುದರ ಮೇಲೆ ತಕ್ಕಡಿ ವಾಲುತ್ತದೆ. ಆ ಕೆಲವು ದಿನಗಳಲ್ಲಿ ಹೊರಗಿನಿಂದ ಹಾರ್ಮೋನಿನಂಥ ವಸ್ತುವೊಂದು ನೀರಿಗೆ ಬಿದ್ದರೆ, ಅಥವಾ ನೀರು ವಿಪರೀತ ಕಾದರೆ, ಗಂಡಿನ ವರ್ಣತಂತು ಹೊತ್ತ ಮರಿ ಹೆಣ್ಣಾಗಿಯೂ ಹೆಣ್ಣಿನದು ಗಂಡಾಗಿಯೂ ಬೆಳೆಯಬಲ್ಲದು. ಎಮಿಲ್ ವಿಚಿ ಎಂಬ ವಿಜ್ಞಾನಿ 1929ರಷ್ಟು ಹಿಂದೆಯೇ ಅಮೆರಿಕದ ಕಾಡುಗಪ್ಪೆಯ ಹೆಣ್ಣು ಗೊದಮೊಟ್ಟೆಗಳನ್ನು ಬಿಸಿ ನೀರಿನಲ್ಲಿ ಬೆಳೆಸಿ ಗಂಡಾಗಿಸಿ ತೋರಿಸಿದ್ದರು. ನಮ್ಮ ನಾಡಿನಲ್ಲೂ ಈ ಅಧ್ಯಯನ ಹೊಸದಲ್ಲ. ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದ ಎಸ್.ಕೆ. ಸೈದಾಪುರ ಮತ್ತು ಸಂಗಡಿಗರು, ಪಶ್ಚಿಮ ಘಟ್ಟದ ಹಳ್ಳಗಳಲ್ಲಿ ಕಪ್ಪು ಗೊದಮೊಟ್ಟೆಗಳ ಹಿಂಡಾಗಿ ಕಾಣುವ ಎರಡು ಬಣ್ಣದ ಕಪ್ಪೆಯ ಮೇಲೆ ಲಿಂಗ ಹಾರ್ಮೋನುಗಳ ಪರಿಣಾಮವನ್ನು ಪರೀಕ್ಷಿಸಿ 2001ರಲ್ಲಿ ಪ್ರಕಟಿಸಿದರು. ಕೆರೆಯ ನೀರಿನ ಮೇಲೆಯೇ ಕುಪ್ಪಳಿಸಿ ಓಡುವ, ನಮಗೆಲ್ಲ ಪರಿಚಿತವಾದ ಕಪ್ಪೆಯ ಮೇಲೆ ಪುಣೆಯ ವಿಜ್ಞಾನಿಗಳು ಇಂಥದೇ ಪ್ರಯೋಗ ನಡೆಸಿ, ಗೊದಮೊಟ್ಟೆಯ ಯಾವ ಹಂತದಲ್ಲಿ ಹಾರ್ಮೋನು ತಗುಲಿದರೆ ಲಿಂಗ ಬದಲಾಗುತ್ತದೆಂಬುದನ್ನು 2015ರಲ್ಲಿ ಗುರುತಿಸಿದರು.

ರೇಷ್ಮೆ ಬೆಳೆಯುವ ಈ ಸೀಮೆಯ ಜನರಿಗೆ ಹಾರ್ಮೋನೆಂದರೇನೆಂದು ಹೆಚ್ಚು ವಿವರಿಸಬೇಕಾಗಿಲ್ಲ. ಹುಳು ಹಣ್ಣಾಗುವ ಹೊತ್ತಿಗೆ ‘ಸಂಪೂರ್ಣ’ವನ್ನು ಸೊಪ್ಪಿಗೆ ಸಿಂಪಡಿಸಿ ಕೊಟ್ಟರೆ ಎಲ್ಲ ಹುಳುಗಳೂ ಒಟ್ಟಿಗೆ ಚಂದ್ರಿಕೆ ಏರುವುದನ್ನು ನೀವು ಕಂಡಿದ್ದೀರಿ. ಅದು ಗಿಡದಿಂದ ತೆಗೆದ ಹಾರ್ಮೋನು, ಪ್ರಮಾಣ ಅತ್ಯಲ್ಪ. ಇದಕ್ಕೆ ತದ್ವಿರುದ್ಧವಾದ ಕಥೆ ಇಟಲಿಯದು. ಅಲ್ಲಿ ಹಣ್ಣಿನ ತೋಟಗಳಿಗೆ ಹೊಡೆದ ಫೆನಾಕ್ಸಿಕಾರ್ಬ್ ಎಂಬ ಕೀಟನಾಶಕ ಗಾಳಿಯಲ್ಲಿ ತೇಲಿ ಹಿಪ್ಪುನೇರಳೆ ಸೊಪ್ಪಿನ ಮೇಲೆ ಕುಳಿತು, ಹುಳುಗಳು ತಿನ್ನುತ್ತಲೇ ಉಳಿದು ಗೂಡು ಕಟ್ಟುವುದನ್ನೇ ನಿಲ್ಲಿಸಿದವು. ಅದು ಕೊಲ್ಲುವ ವಿಷವಾಗಿ ಕೆಲಸ ಮಾಡಲಿಲ್ಲ. ಹುಳುವಿನ ಎಳೆತನದ ಹಾರ್ಮೋನನ್ನು ಅನುಕರಿಸಿತು. ಕಪ್ಪೆಯ ಕುಂಟೆಯಲ್ಲಿ ನಡೆಯುವುದೂ ಇದೇ ಬಗೆಯ ಮೋಸ.

ಕ್ಯಾಲಿಫೋರ್ನಿಯ ವಿಶ್ವವಿದ್ಯಾಲಯದ ಟೈರೋನ್ ಹೇಸ್ 2002ರಲ್ಲಿ ಪ್ರಕಟಿಸಿದ ಪ್ರಯೋಗ ಈ ವಿಷಯವನ್ನು ಜಗತ್ತಿನ ಮುಂದಿಟ್ಟಿತು. ಅಟ್ರಜಿನ್ ಎಂಬ ಕಳೆನಾಶಕ ನೂರು ಕೋಟಿ ಪಾಲು ನೀರಿಗೆ ಕೇವಲ 0.1 ಪಾಲು ಇದ್ದರೂ ಆಫ್ರಿಕದ ಉಗುರುಗಪ್ಪೆಯ ಗಂಡುಗಳಲ್ಲಿ ಅಂಡಾಶಯದ ಅಂಶಗಳು ಕಾಣಿಸಿಕೊಂಡವೆಂದು ಅವರು ವರದಿ ಮಾಡಿದರು. 2010ರ ಪ್ರಯೋಗ ಇನ್ನೂ ಗಂಭೀರವಾದುದು. 2.5 ಪಾಲು ಅಟ್ರಜಿನ್ ಇದ್ದ ನೀರಿನಲ್ಲಿ ಬೆಳೆದ ಗಂಡುಗಳಲ್ಲಿ ನೂರಕ್ಕೆ ಹತ್ತು ಪೂರ್ಣವಾಗಿ ಹೆಣ್ಣಾಗಿ, ಬೇರೆ ಗಂಡುಗಳೊಡನೆ ಕೂಡಿ ಮೊಟ್ಟೆಯಿಟ್ಟವು. ಆ ಮರಿಗಳೆಲ್ಲವೂ ಗಂಡು. ಕಾರಣ ಸರಳ. ರೇಷ್ಮೆ ಹುಳುವಿನಂತೆಯೇ ಈ ಕಪ್ಪೆಯಲ್ಲೂ ಹೆಣ್ಣಿನ ವರ್ಣತಂತು ಜೋಡಿ ‘ಜಡ್-ಡಬ್ಲ್ಯು’, ಗಂಡಿನದು ‘ಜಡ್-ಜಡ್’. ಹೆಣ್ಣಿನ ರೂಪ ತಾಳಿದ ಗಂಡಿನ ಬಳಿ ಕೊಡಲು ‘ಡಬ್ಲ್ಯು’ ಇಲ್ಲ. ಇಂಥ ಹೆಣ್ಣುಗಳು ತುಂಬಿದ ಕುಂಟೆಯಲ್ಲಿ ಮೊಟ್ಟೆಗಳ ರಾಶಿ ಕಾಣುತ್ತದೆ, ಗೊದಮೊಟ್ಟೆಗಳೂ ಕಾಣುತ್ತವೆ, ಮುಂದಿನ ಮಳೆಗಾಲದ ಕೂಗೂ ಜೋರಾಗಿಯೇ ಇರುತ್ತದೆ. ಎಲ್ಲವೂ ಸರಿಯಿದೆ ಎಂದೇ ನಮಗೆ ತೋರುತ್ತದೆ.

ಈ ಫಲಿತಾಂಶಗಳನ್ನು ಎಲ್ಲರೂ ಒಪ್ಪಿಲ್ಲ ಎಂಬುದನ್ನು ಮುಚ್ಚಿಡುವುದು ವಿಜ್ಞಾನಕ್ಕೆ ಮಾಡುವ ದ್ರೋಹವಾದೀತು. ಕಳೆನಾಶಕ ತಯಾರಿಸುವ ಕಂಪನಿಯ ಹಣದಿಂದ ನಡೆದು 2009ರಲ್ಲಿ ಪ್ರಕಟವಾದ ದೊಡ್ಡ ಅಧ್ಯಯನಕ್ಕೆ ಅಂಥ ಪರಿಣಾಮ ಕಾಣಲಿಲ್ಲ. ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆಯೂ 2007ರಲ್ಲಿ ಕಪ್ಪೆಯ ಜನನಾಂಗದ ಮೇಲೆ ದುಷ್ಪರಿಣಾಮವಿಲ್ಲವೆಂದೇ ತೀರ್ಮಾನಿಸಿತು. ಯುರೋಪಿನ ಒಕ್ಕೂಟ 2004ರಲ್ಲಿ ಅಟ್ರಜಿನ್‌ಗೆ ಅನುಮತಿ ನಿರಾಕರಿಸಿದ್ದು ಕಪ್ಪೆಯ ಕಾರಣಕ್ಕಲ್ಲ, ಅಂತರ್ಜಲದ ಕಾರಣಕ್ಕೆ. ಅಲ್ಲದೆ ಅಮೆರಿಕದ ಕನೆಕ್ಟಿಕಟ್‌ನಲ್ಲಿ ಮ್ಯಾಕ್ಸ್ ಲ್ಯಾಂಬರ್ಟ್ ಮತ್ತು ಸಂಗಡಿಗರು 2015ರಲ್ಲಿ ಬಡಾವಣೆಗಳ ಕೊಳಗಳಲ್ಲಿ ಹೆಣ್ಣು ಕಪ್ಪೆಗಳ ಪಾಲು ಹೆಚ್ಚಿರುವುದನ್ನು ಕಂಡರಾದರೂ, 2019ರಲ್ಲಿ ವರ್ಣತಂತು ಪರೀಕ್ಷಿಸಿದಾಗ ಕಾಡಿನ ಶುದ್ಧ ಕೊಳಗಳಲ್ಲೂ ಲಿಂಗ ಬದಲಾದ ಕಪ್ಪೆಗಳು ಸಿಕ್ಕವು. ಅಂದರೆ ಬದಲಾವಣೆಯೆಲ್ಲ ವಿಷದ ಫಲವಲ್ಲ. ಪ್ರಕೃತಿಯೇ ಕಪ್ಪೆಗೆ ಈ ಸಡಿಲನ್ನು ಕೊಟ್ಟಿದೆ. ನನ್ನ ಆತಂಕ ಇಲ್ಲಿಂದಲೇ ಆರಂಭವಾಗುತ್ತದೆ. ಸಡಿಲವಾಗಿರುವ ಕಡೆಯೇ ಅಲ್ಪವೊತ್ತಡವೂ ಸಾಕು.

ಈಗ ನಮ್ಮ ಹೊಲಕ್ಕೆ ಬರೋಣ. ಮುಸುಕಿನ ಜೋಳ ಬಿತ್ತಿದ ಎರಡು ಮೂರು ದಿನಗಳೊಳಗೆ ನೆಲಕ್ಕೆ ಹೊಡೆಯುವ ಪುಡಿ ಇದೇ ಅಟ್ರಜಿನ್. ಎಕರೆಗೆ 400 ಗ್ರಾಂ ಮೂಲವಸ್ತು ಬೀಳುತ್ತದೆಂದು ಇಟ್ಟುಕೊಳ್ಳಿ. ಮರುದಿನ ಜೋರು ಮಳೆ ಬಂದು ನೂರಕ್ಕೆ ಒಂದು ಪಾಲು ಕೊಚ್ಚಿ ಹೋದರೆ 4 ಗ್ರಾಂ. ಒಂದು ಎಕರೆ ವಿಸ್ತಾರದ, ಸೊಂಟದುದ್ದ ನೀರಿರುವ ಕಟ್ಟೆಯಲ್ಲಿರುವುದು ಸುಮಾರು 40 ಲಕ್ಷ ಲೀಟರು. ಅದರಲ್ಲಿ 4 ಗ್ರಾಂ ಕರಗಿದರೆ ನೂರು ಕೋಟಿಗೆ ಒಂದು ಪಾಲಾಯಿತು. 2002ರ ಪ್ರಯೋಗದಲ್ಲಿ ಬಳಸಿದ್ದರ ಹತ್ತು ಪಟ್ಟು. ಒಂದು ಎಕರೆ ಹೊಲ, ಒಂದು ಎಕರೆ ಕಟ್ಟೆ, ಒಂದು ಮಳೆ. ಗೊದಮೊಟ್ಟೆ ಇರುವ ಕುಂಟೆಗಳಾದರೋ ಇದಕ್ಕಿಂತ ಎಷ್ಟೋ ಚಿಕ್ಕವು. ಕಾಲವೂ ನಮ್ಮ ವಿರುದ್ಧವೇ ಇದೆ: ರೋಹಿಣಿ, ಮೃಗಶಿರಾ, ಆರಿದ್ರಾ ಮಳೆಗಳಲ್ಲಿ ಬಿತ್ತನೆ, ಅದೇ ಮಳೆಗಳಲ್ಲಿ ಕಪ್ಪೆಗಳ ಮಿಲನ. ಗೊದಮೊಟ್ಟೆಯ ಆ ಸೂಕ್ಷ್ಮ ದಿನಗಳೂ ಕಳೆನಾಶಕದ ದಿನಗಳೂ ಒಂದರ ಮೇಲೊಂದು ಬಂದು ಕೂರುತ್ತವೆ.

ಕೇಂದ್ರ ಸರ್ಕಾರ 2020ರಲ್ಲಿ ನಿಷೇಧಿಸಲು ಉದ್ದೇಶಿಸಿ ಕರಡು ಹೊರಡಿಸಿದ 27 ಪೀಡೆನಾಶಕಗಳಲ್ಲಿ ಅಟ್ರಜಿನ್ ಕೂಡ ಇತ್ತು. 2023ರಲ್ಲಿ ಆದೇಶ ಬಂದಾಗ ಪೂರ್ಣ ನಿಷೇಧವಾದದ್ದು ಡೈಕೋಫಾಲ್, ಡೈನೊಕ್ಯಾಪ್, ಮೆಥೋಮಿಲ್ ಎಂಬ ಮೂರು ಮಾತ್ರ. ಕಪ್ಪೆಕಾಲಿನ ರಫ್ತನ್ನು ನಿಲ್ಲಿಸಲು 1987ರಲ್ಲಿ ಸಾಧ್ಯವಾಯಿತು. ಅಲ್ಲಿ ಮೂಟೆಗಟ್ಟಲೆ ಸತ್ತ ಕಪ್ಪೆಗಳು ಕಣ್ಣಿಗೆ ಬೀಳುತ್ತಿದ್ದವು. ಇಲ್ಲಿ ಹೆಣ ಬೀಳುವುದಿಲ್ಲ.

ಬಿಡದಿಯ ಕಡೆಯ ಓದುಗರು ‘ನಮ್ಮದು ಬೇರೆ ಕಥೆ’ ಎನ್ನಬಹುದು. ನಿಜ. ಬೆಂಗಳೂರಿನ ಪಶ್ಚಿಮ ಭಾಗದ ಕೊಳಚೆಯನ್ನು ಹೊತ್ತು ವೃಷಭಾವತಿ ಬೈರಮಂಗಲದ ಕಡೆಗೆ ಹರಿದುಬರುತ್ತದೆ. ಮನುಷ್ಯರ ಮೂತ್ರದಲ್ಲಿ ಸಹಜವಾಗಿಯೇ ಈಸ್ಟ್ರೋಜನ್ ಇರುತ್ತದೆ. ಗರ್ಭನಿರೋಧಕ ಗುಳಿಗೆಯ ಕೃತಕ ಈಸ್ಟ್ರೋಜನ್ನೂ ಅದರೊಡನೆ ಸೇರುತ್ತದೆ. ಸಾಮಾನ್ಯ ಶುದ್ಧೀಕರಣ ಘಟಕಗಳು ಇವನ್ನು ಪೂರ್ತಿ ತೆಗೆಯಲಾರವು. ಅಲ್ಲಿ ಆ ನೀರಿನಿಂದಲೇ ಬೇಬಿ ಕಾರ್ನ್ ಬೆಳೆಯುತ್ತಾರೆ. ಕಾರ್ಖಾನೆಯ ಭಾರಲೋಹಗಳ ಬಗ್ಗೆ ಹೋರಾಟಗಾರರು ಮಾತನಾಡಿದಷ್ಟು ಈ ಹಾರ್ಮೋನುಗಳ ಬಗ್ಗೆ ಮಾತನಾಡಿಲ್ಲ. ನಮ್ಮ ಬಳಗವೂ ಇದಕ್ಕೆ ಹೊರತಲ್ಲ. ಬಿಸಿಯ ಮಾತು ಬೇರೆ. ಕಟ್ಟೆಯ ಏರಿಯ ಮೇಲಿನ ಹೊಂಗೆ, ನೇರಳೆ ಕಡಿದರೆ ಆಳವಿಲ್ಲದ ನೀರು ಎಷ್ಟು ಕಾಯುತ್ತದೆಂಬುದನ್ನು ಕೈಯಿಟ್ಟು ನೋಡಿದರೇ ಸಾಕು. ಹಂಗೇರಿಯಲ್ಲಿ 2020ರಲ್ಲಿ ಪ್ರಕಟವಾದ ಅಧ್ಯಯನವೊಂದು, ವರ್ಣತಂತುವಿನಲ್ಲಿ ಹೆಣ್ಣಾದ ಕಪ್ಪೆಗಳಲ್ಲಿ ಸುಮಾರು ಐದರಲ್ಲೊಂದು ಗಂಡಿನ ರೂಪದಲ್ಲಿರುವುದನ್ನು ಕಂಡಿತು. ಮನುಷ್ಯನ ಕೈವಾಡ ಹೆಚ್ಚಿದ ಕಡೆ ಅವುಗಳ ಪ್ರಮಾಣವೂ ಹೆಚ್ಚು.

ನಾನು ಕೃಷಿ ವಿಜ್ಞಾನ ಓದಿದವನು. ಬದುವಿನ ಮೇಲೆ ನಿಂತು ಇದೇ ಪುಡಿಯನ್ನು ಬಳಸಿರೆಂದು ಹೇಳಿದ ದಿನಗಳು ನನಗೂ ಇವೆ. ಕಳೆ ಕೀಳಲು ಆಳು ಸಿಗುವುದಿಲ್ಲ, ಸಿಕ್ಕರೂ ಕೂಲಿ ಕೊಟ್ಟು ಪೂರೈಸುವುದಿಲ್ಲ ಎಂಬ ರೈತನ ಮಾತಿಗೆ ಅಂದೂ ನನ್ನಲ್ಲಿ ಉತ್ತರವಿರಲಿಲ್ಲ, ಇಂದೂ ಸುಲಭದ ಉತ್ತರವಿಲ್ಲ. ಆದರೆ ಒಂದನ್ನು ಅಂದು ನಾನು ಹೇಳಲಿಲ್ಲ. ಈ ಪುಡಿ ಬಿದ್ದ ಹೊಲದಲ್ಲಿ ಅವರೆ, ಅಲಸಂದೆ, ಹುಚ್ಚೆಳ್ಳಿನ ಅಕ್ಕಡಿ ಸಾಲು ನಿಲ್ಲಲಾರದು. ಅಗಲ ಎಲೆಯ ಗಿಡಗಳೆಲ್ಲ ಅದಕ್ಕೆ ಕಳೆಯೇ. ಕೂಲಿ ಉಳಿಯಿತೆಂದು ಲೆಕ್ಕ ಹಾಕುವಾಗ ಮನೆಯ ಅವರೆಕಾಳನ್ನು ಅಂಗಡಿಯಿಂದ ತರುವ ಖರ್ಚನ್ನು ನಾವು ಸೇರಿಸಲಿಲ್ಲ. ಎಡೆಕುಂಟೆ ಎರಡು ಸಲ ಹಾಯಿಸಿ, ಸಾಲಿನೊಳಗಿನ ಕಳೆಯನ್ನು ಮಾತ್ರ ಕೈಯಿಂದ ತೆಗೆದರೆ ಖರ್ಚು ಎಷ್ಟೆಂದು ಈ ಸಲ ಅರ್ಧ ಎಕರೆಯಲ್ಲಾದರೂ ಬರೆದಿಟ್ಟು ನೋಡಬೇಕೆಂದು ಬಳಗದ ರೈತರನ್ನು ಕೋರುತ್ತೇನೆ.

ಪುಡಿಯನ್ನು ಬಿಡಲಾಗದವರು ಕನಿಷ್ಠ ಇಷ್ಟು ಮಾಡಬಹುದು: ಕೆರೆಗೂ ಹೊಲಕ್ಕೂ ನಡುವೆ ಹತ್ತು ಮಾರು ಹುಲ್ಲಿನ ಪಟ್ಟಿ ಬಿಡುವುದು, ಮೋಡ ಕವಿದ ದಿನ ಸಿಂಪಡಿಸದಿರುವುದು, ಬೆನ್ನಿನ ಪಂಪನ್ನು ಕೆರೆಯ ಮೆಟ್ಟಿಲಲ್ಲಿ ತೊಳೆಯದಿರುವುದು. ಕೊನೆಯದಕ್ಕೆ ಹಣವೂ ಬೇಡ, ಆಳೂ ಬೇಡ. ಗ್ರಾಮಸಭೆಯಲ್ಲಿ ನಿರ್ಣಯ ಮಾಡಿಸಿ ಕೆರೆಯ ಏರಿಯ ಮೇಲೆ ಒಂದು ಫಲಕ ಹಾಕಿಸಿದರೆ ಸಾಕು.

ವಿದ್ಯಾರ್ಥಿಗಳಿಗೆ ಒಂದು ಕೆಲಸವಿದೆ. ಕಪ್ಪೆಯನ್ನು ಹಿಡಿದು ಕೊಯ್ದು ನೋಡಬೇಡಿ. ಹೊರಗಿನಿಂದ ನೋಡಿದರೆ ಬದಲಾದ ಲಿಂಗ ತಿಳಿಯುವುದೂ ಇಲ್ಲ. ನಿಮ್ಮೂರಿನ ಒಂದು ಕುಂಟೆಯನ್ನು ಆರಿಸಿಕೊಂಡು, ಮೊದಲ ಕೂಗು ಕೇಳಿದ ದಿನ, ಮೊಟ್ಟೆ ಕಂಡ ದಿನ, ಮಧ್ಯಾಹ್ನದ ನೀರಿನ ಉಷ್ಣತೆ, ಸುತ್ತಲ ಹೊಲಗಳಿಗೆ ಯಾವ ದಿನ ಏನನ್ನು ಹೊಡೆದರು ಎಂಬುದನ್ನು ಒಂದೇ ನೋಟುಪುಸ್ತಕದಲ್ಲಿ ಬರೆದಿಡಿ. ನೀರು ಪರೀಕ್ಷಿಸುವವರು, ವರ್ಣತಂತು ನೋಡುವವರು ಮುಂದೆ ಬಂದಾಗ ಅವರು ಮೊದಲು ಕೇಳುವುದು ಈ ದಿನಾಂಕಗಳನ್ನೇ. ಪುಸ್ತಕದ ಪ್ರತಿಯೊಂದನ್ನು ಆರಿದ್ರಾ ಮಳೆ ಮುಗಿದ ಮೇಲೆ ಬಳಗಕ್ಕೆ ಕಳುಹಿಸಿದರೆ ಮುಂದಿನ ಸಂಚಿಕೆಯಲ್ಲಿ ಊರಿನ ಹೆಸರಿನೊಂದಿಗೆ ಪ್ರಕಟಿಸುತ್ತೇವೆ.