ಮೈದಾನದಿಂದ ಮುಗಿಲಿಗೆ

ಕೆಂಗೂದಲಿನವರನ್ನು ಆಸ್ಟ್ರೇಲಿಯನ್ನರು ತಮಾಷೆಗಾಗಿ ‘ಬ್ಲೂಯಿ’, ಅಂದರೆ ‘ನೀಲಿಯವನು’ ಎಂದು ಕರೆಯುವುದುಂಟು. ಕೀತ್ ಟ್ರಸ್ಕಾಟ್‌ಗೆ ಆ ಅಡ್ಡಹೆಸರು ಕೊನೆಯವರೆಗೂ ಅಂಟಿಕೊಂಡಿತು.

1916ರಲ್ಲಿ ಹುಟ್ಟಿದ ಟ್ರಸ್ಕಾಟ್ ಓದಿದ್ದು ಮೆಲ್ಬರ್ನ್ ಹೈಸ್ಕೂಲಿನಲ್ಲಿ. 1937ರಲ್ಲಿ ಮೆಲ್ಬರ್ನ್ ಕ್ಲಬ್ಬಿನ ಫುಟ್ಬಾಲ್ ತಂಡ ಸೇರಿದ. ಇದು ನಾವು ಬಲ್ಲ ಫುಟ್ಬಾಲ್ ಅಲ್ಲ. ಇಲ್ಲಿ ಮೈದಾನವೂ ಅಂಡಾಕಾರ, ಚೆಂಡೂ ಅಂಡಾಕಾರ. ಒಂದೊಂದು ತಂಡಕ್ಕೆ 18 ಆಟಗಾರರು. ಚೆಂಡನ್ನು ಕೈಯಲ್ಲಿ ಹಿಡಿಯಲೂಬಹುದು. 1939ರಲ್ಲಿ ಆತನ ತಂಡ ಚಾಂಪಿಯನ್ ಆಯಿತು.

ಅಷ್ಟರಲ್ಲಿ ಯುದ್ಧ ಆರಂಭವಾಗಿತ್ತು. 1940ರಲ್ಲಿ ಟ್ರಸ್ಕಾಟ್ ವಾಯುಪಡೆಗೆ ಸೇರಿದ. ಮೈದಾನದಲ್ಲಿ ಚುರುಕಾಗಿದ್ದ ಆತನಿಗೆ ವಿಮಾನ ಇಳಿಸುವ ವಿದ್ಯೆ ಮಾತ್ರ ಬೇಗ ಒಲಿಯಲಿಲ್ಲ. ನೆಲ ಎಷ್ಟು ದೂರವಿದೆ ಎಂಬ ಅಂದಾಜೇ ತಪ್ಪುತ್ತಿತ್ತು. ಆದರೂ ಪಟ್ಟು ಬಿಡದೆ ಕಲಿತ. ತರಬೇತಿಯ ನಡುವೆ ರಜೆ ಪಡೆದು ಆ ವರ್ಷದ ಫೈನಲ್ ಆಡಿದ. ತಂಡ ಮತ್ತೆ ಗೆದ್ದಿತು.

1941-42ರಲ್ಲಿ ಇಂಗ್ಲೆಂಡಿನಿಂದ ಸ್ಪಿಟ್‌ಫೈರ್ ಯುದ್ಧವಿಮಾನ ಹಾರಿಸಿ, ಶೌರ್ಯಕ್ಕಾಗಿ ‘ಡಿಸ್ಟಿಂಗ್ವಿಷ್ಡ್ ಫ್ಲೈಯಿಂಗ್ ಕ್ರಾಸ್’ ಪದಕವನ್ನು ಎರಡು ಬಾರಿ ಪಡೆದ. 1942ರಲ್ಲಿ ತಾಯ್ನಾಡಿಗೆ ಮರಳಿದಾಗ ಹಳೆಯ ತಂಡಕ್ಕಾಗಿ ಒಂದೇ ಒಂದು ಪಂದ್ಯವಾಡಿದ. ಅದು ಆತನ 50ನೆಯ ಪಂದ್ಯ, ಕೊನೆಯದೂ ಹೌದು. ಅದೇ ವರ್ಷ ನ್ಯೂಗಿನಿಯ ಮಿಲ್ನ್ ಬೇಯಲ್ಲಿ ನಾಯಕ ಮಡಿದಾಗ 76ನೆಯ ಸ್ಕ್ವಾಡ್ರನ್ನಿನ ಹೊಣೆ ಹೊತ್ತ.

1943ರ ಮಾರ್ಚ್ 28ರಂದು ಪಶ್ಚಿಮ ಆಸ್ಟ್ರೇಲಿಯದ ಎಕ್ಸ್‌ಮೌತ್ ಕೊಲ್ಲಿಯ ಮೇಲೆ ಅಭ್ಯಾಸ ನಡೆದಿತ್ತು. ಎದುರಿಗೆ ಶತ್ರುವಿರಲಿಲ್ಲ. ನೀರಿನಿಂದ ಎಷ್ಟು ಎತ್ತರದಲ್ಲಿದ್ದೇನೆ ಎಂಬ ಅಂದಾಜು ತಪ್ಪಿತು. ವಿಮಾನ ಸಮುದ್ರಕ್ಕೆ ಬಡಿಯಿತು. ಆಗ ಟ್ರಸ್ಕಾಟ್‌ಗೆ 26 ವರ್ಷ.

ಮೆಲ್ಬರ್ನ್ ಕ್ಲಬ್ ತನ್ನ ವರ್ಷದ ಶ್ರೇಷ್ಠ ಆಟಗಾರನಿಗೆ ನೀಡುವ ಪದಕಕ್ಕೆ ಇಂದಿಗೂ ಆತನದೇ ಹೆಸರು. ಕಲಿಯಲು ತಡವಾದವನು ಹಿಂದೆ ಉಳಿಯಲೇಬೇಕೆಂದಿಲ್ಲ. ಕಲಿತವನಿಗೂ ಎಚ್ಚರ ಬೇಕು. ಈ ಎರಡೂ ಮಾತಿಗೆ ಟ್ರಸ್ಕಾಟ್‌ನ ಬಾಳೇ ಸಾಕ್ಷಿ.